ಓವನ್‌ನಲ್ಲಿ ಬೇಸಿಗೆ ತರಕಾರಿ ರೋಸ್ಟ್ ಮಾಡಿದರೆ ನೀರು ಬಿಡುತ್ತದೆ, ಕೆಂಪಗಾಗುವುದೇ ಇಲ್ಲ. ಏನು ಮಾಡಲಿ?

ಮೂಲೆಮನೆ:
ಎಲ್ಲರಿಗೂ ನಮಸ್ಕಾರ. ಜುಕಿನಿ, ಬದನೆಕಾಯಿ, ಕೆಂಪು ದಪ್ಪ ಮೆಣಸಿನಕಾಯಿ, ಈರುಳ್ಳಿ, ಚೆರ್ರಿ ಟೊಮೆಟೊ. ಇಷ್ಟನ್ನೂ ಹೆಚ್ಚಿ, ಎಣ್ಣೆ ಉಪ್ಪು ಸವರಿ ಓವನ್‌ಗೆ ಇಟ್ಟರೆ ಸುಲಭದ ಸೈಡ್ ಡಿಶ್ ರೆಡಿ ಅಂತ ಎಲ್ಲ ಕಡೆ ಬರೆದಿರುತ್ತಾರೆ. ನಾನೂ ಹಾಗೇ ಮಾಡುತ್ತೇನೆ. 180 ಡಿಗ್ರಿ, 40 ನಿಮಿಷ, ಆಳವಾದ ಗಾಜಿನ ಪಾತ್ರೆ. ಹೊರಗೆ ತೆಗೆದಾಗ ತಳದಲ್ಲಿ ನೀರು ನಿಂತಿರುತ್ತದೆ. ಜುಕಿನಿ ಮುದ್ದೆಯಾಗಿರುತ್ತದೆ, ಬದನೆಕಾಯಿ ಮಾತ್ರ ಇನ್ನೂ ಜಗಿಯುವ ಹಾಗಿರುತ್ತದೆ. ಫೋಟೊಗಳಲ್ಲಿ ಕಾಣುವ ಆ ಕಂದು ಅಂಚು ಬರುವುದೇ ಇಲ್ಲ.

ಓವನ್ ಚೆನ್ನಾಗಿದೆ, ಕೇಕು ಸರಿಯಾಗಿಯೇ ಬೇಯುತ್ತದೆ. ಹಾಗಾದರೆ ತೊಂದರೆ ಎಲ್ಲಿದೆ? ತರಕಾರಿಯಲ್ಲೋ, ಪಾತ್ರೆಯಲ್ಲೋ, ಉಪ್ಪಿನಲ್ಲೋ?

ಬಿಸಿಬಾಣಲೆ:
220 ಡಿಗ್ರಿ ಇಡಿ. ಅಗಲದ ಟ್ರೇ ತಗೊಳ್ಳಿ. ಮುಗೀತು.

ಕೆಂಡದೊಲೆ:
ಬಿಸಿಬಾಣಲೆ ಹೇಳಿದ್ದು ಸರಿ. ಆದರೆ ಯಾಕೆ ಅಂತ ಗೊತ್ತಾದರೆ ಮುಂದೆ ಯಾವ ತರಕಾರಿ ಸಿಕ್ಕರೂ ನೀವೇ ಮಾಡಿಕೊಳ್ಳಬಹುದು.

ಆಳದ ಪಾತ್ರೆಯ ಗೋಡೆ ಎತ್ತರ. ತರಕಾರಿ ಬಿಟ್ಟ ಆವಿ ಅಲ್ಲೇ ಸುತ್ತುತ್ತಾ ಇರುತ್ತದೆ. ಅಂದರೆ ಒಳಗೆ ನಡೆಯುವುದು ರೋಸ್ಟ್ ಅಲ್ಲ, ಹಬೆಯಲ್ಲಿ ಬೇಯುವ ಕೆಲಸ. ಒಂದರ ಮೇಲೊಂದು ಪೇರಿಸಿದ್ದರಂತೂ ಕೆಳಗಿನ ತುಂಡಿಗೆ ಒಣ ಗಾಳಿ ಸೋಕುವುದೇ ಇಲ್ಲ. ತುಂಡು ತುಂಡಿನ ನಡುವೆ ಅರ್ಧ ಬೆರಳಿನಷ್ಟಾದರೂ ಜಾಗ ಇರಬೇಕು. ಒಂದು ಕಿಲೊ ತರಕಾರಿಗೆ ಒಂದು ಟ್ರೇ ಸಾಲುವುದಿಲ್ಲ, ಎರಡು ಬೇಕು. ಎಲ್ಲರೂ ಜಿಪುಣತನ ಮಾಡುವುದು ಇಲ್ಲೇ.

ಇನ್ನೊಂದು. ಟ್ರೇಯನ್ನು ಓವನ್ ಜೊತೆಗೇ ಕಾಯಲು ಬಿಡಿ. ಕಾದ ಟ್ರೇ ಮೇಲೆ ತರಕಾರಿ ಸುರಿದಾಗ ಚುರ್ ಅನ್ನಬೇಕು. ಕತ್ತರಿಸಿದ ಮುಖ ಕೆಳಗೆ ಬರುವ ಹಾಗೆ ಬೇಗ ಹರಡಿ, ಒಳಗೆ ತಳ್ಳಿ.

ರಸಾಯನ_ಮೇಷ್ಟ್ರು:
ನಾನು ಸ್ವಲ್ಪ ಉದ್ದ ಬರೆಯುತ್ತೇನೆ, ಈ ವಿಷಯ ನನಗೆ ತುಂಬಾ ಇಷ್ಟ.

ಜುಕಿನಿ, ಟೊಮೆಟೊ ಎರಡರಲ್ಲೂ ಸುಮಾರು ನೂರಕ್ಕೆ 94 - 95 ಭಾಗ ನೀರು. ಬದನೆ, ದಪ್ಪ ಮೆಣಸಿನಕಾಯಿಯಲ್ಲಿ 92ರ ಆಸುಪಾಸು. ಈರುಳ್ಳಿಯಲ್ಲಿ 89 ಅಂತಿಟ್ಟುಕೊಳ್ಳಿ. ಒಂದು ಕಿಲೊ ತರಕಾರಿ ಒಳಗೆ ಹೋಯಿತು ಅಂದರೆ 900 ಗ್ರಾಂಗೂ ಜಾಸ್ತಿ ನೀರು ಒಳಗೆ ಹೋಯಿತು ಅಂತಲೇ ಅರ್ಥ.

ಕಂದು ಬಣ್ಣ, ಆ ಹುರಿದ ಘಮ ಬರುವುದು ಮುಖ್ಯವಾಗಿ ಸಕ್ಕರೆ ಮತ್ತು ಅಮೈನೊ ಆಮ್ಲಗಳು ಕೂಡಿ ನಡೆಸುವ ಕ್ರಿಯೆಯಿಂದ. 1912ರಲ್ಲಿ ಫ್ರಾನ್ಸಿನ ಲೂಯಿ ಕಮೀಲ್ ಮಯ್ಯಾರ್ ಇದನ್ನು ವಿವರಿಸಿದ್ದರಿಂದ ಅವರ ಹೆಸರೇ ಉಳಿದಿದೆ. ಇದು ಚುರುಕಾಗುವುದು ಸುಮಾರು 140 ಡಿಗ್ರಿ ಸೆಲ್ಸಿಯಸ್ ದಾಟಿದ ಮೇಲೆ. ಆದರೆ ತುಂಡಿನ ಮೇಲ್ಮೈ ಒದ್ದೆ ಇರುವ ತನಕ ಅಲ್ಲಿನ ಬಿಸಿ 100 ಡಿಗ್ರಿಯನ್ನು ದಾಟುವುದಿಲ್ಲ. ಓವನ್ ಡಯಲ್ ಎಷ್ಟೇ ತೋರಿಸಲಿ, ನೀರು ಆವಿಯಾಗುವ ತನಕ ಶಾಖವೆಲ್ಲ ಅದಕ್ಕೇ ಖರ್ಚು. ಕೋಣೆಯ ಬಿಸಿಯಲ್ಲಿರುವ ನೀರನ್ನು ಕುದಿಯುವ ಹಂತಕ್ಕೆ ತರುವ ಶಾಖಕ್ಕಿಂತ, ಆ ಕುದಿಯುವ ನೀರನ್ನು ಆವಿ ಮಾಡುವ ಶಾಖ ಆರೇಳು ಪಟ್ಟು ಜಾಸ್ತಿ. 180 ಡಿಗ್ರಿಯಲ್ಲಿ, ಆಳದ ಪಾತ್ರೆಯಲ್ಲಿ, 40 ನಿಮಿಷದೊಳಗೆ ಆ ಕೆಲಸ ಮುಗಿಯುವುದಿಲ್ಲ. ಅಷ್ಟರಲ್ಲಿ ಒಳಭಾಗ ಬೆಂದು ಮುದ್ದೆಯಾಗಿರುತ್ತದೆ.

ಹಾಗಾಗಿ ಮೇಲ್ಮೈ ನೀರು ಬೇಗ ಹೋಗಬೇಕು, ಒಳಭಾಗ ಮುದ್ದೆಯಾಗುವ ಮೊದಲೇ. ಜಾಸ್ತಿ ಬಿಸಿ, ಅಗಲದ ಟ್ರೇ, ಒಣಗಿಸಿದ ತುಂಡು, ಎಲ್ಲವೂ ಇದಕ್ಕೇ.

ಮೂಲೆಮನೆ:
ಮೇಷ್ಟ್ರೇ, ತುಂಬಾ ಚೆನ್ನಾಗಿ ಹೇಳಿದಿರಿ. ಹಾಗಾದರೆ ತೊಳೆದ ತರಕಾರಿಯನ್ನು ಒರೆಸದೇ ಹಾಕುವುದೂ ತಪ್ಪು ಅಲ್ವಾ?

ರಸಾಯನ_ಮೇಷ್ಟ್ರು:
ಹೌದು. ಹೆಚ್ಚುವ ಮೊದಲು ತೊಳೆದು ಒಣ ಬಟ್ಟೆಯಲ್ಲಿ ಒರೆಸಿ. ಹೆಚ್ಚಿದ ಮೇಲೆ ತೊಳೆಯಲೇಬೇಡಿ.

ಉಪ್ಪುಖಾರ:
ಯಾರೂ ಮುಖ್ಯ ವಿಷಯಕ್ಕೆ ಬರಲಿಲ್ಲ. ಉಪ್ಪು! ಉಪ್ಪು ಹಾಕಿದ ತಕ್ಷಣ ತರಕಾರಿ ನೀರು ಬಿಡುತ್ತದೆ. ರೋಸ್ಟ್ ಆದ ಮೇಲೆ ಉಪ್ಪು ಹಾಕಿ. ಮೊದಲೇ ಹಾಕುವುದೇ ಎಲ್ಲ ತೊಂದರೆಗೆ ಮೂಲ.

ಅಡುಗೆಭಟ್ಟ:
ಒಪ್ಪುವುದಿಲ್ಲ. ನಾನು ದೊಡ್ಡ ಅಡುಗೆಮನೆಯಲ್ಲಿ ಕೆಲಸ ಮಾಡುವವನು. ಕೊನೆಗೆ ಹಾಕಿದ ಉಪ್ಪು ಮೇಲೆ ಮೇಲೆ ನಿಲ್ಲುತ್ತದೆ. ಬಾಯಿಗೆ ಇಟ್ಟಾಗ ಮೊದಲು ಬರೀ ಉಪ್ಪು, ಆಮೇಲೆ ಸಪ್ಪೆ. ಬದನೆಕಾಯಿಯಲ್ಲಂತೂ ಇದು ಚೆನ್ನಾಗಿ ಗೊತ್ತಾಗುತ್ತದೆ.

ನಾವು ಮಾಡುವುದು ಹೀಗೆ. ಜುಕಿನಿ, ಬದನೆ ಎರಡಕ್ಕೆ ಮಾತ್ರ ಅರ್ಧ ಗಂಟೆ ಮೊದಲೇ ಉಪ್ಪು ಸವರಿ ಜಾಲರಿಯಲ್ಲಿ ಇಡುತ್ತೇವೆ. ನೀರು ಇಳಿಯುತ್ತದೆ. ಬಟ್ಟೆಯಲ್ಲಿ ಒತ್ತಿ ಒರೆಸುತ್ತೇವೆ. ಆಮೇಲೆ ಎಣ್ಣೆ. ಉಳಿದ ತರಕಾರಿಗೆ ಟ್ರೇಗೆ ಹಾಕುವ ನಿಮಿಷದಲ್ಲಿ ಉಪ್ಪು. ಕೆಡಿಸುವುದು ಯಾವುದು ಗೊತ್ತಾ? ಉಪ್ಪು ಹಾಕಿ ಕಲೆಸಿ ಹತ್ತು ಹದಿನೈದು ನಿಮಿಷ ಬಟ್ಟಲಲ್ಲೇ ಬಿಟ್ಟು, ಆಮೇಲೆ ಆ ನೀರಿನ ಸಮೇತ ಟ್ರೇಗೆ ಸುರಿಯುವುದು. ಹಾಕಿದರೆ ತಕ್ಷಣ ಒಳಗೆ ಇಡಿ, ಇಲ್ಲದಿದ್ದರೆ ಪೂರ್ತಿ ನೀರು ಬಿಡಿಸಿ ಒರೆಸಿ. ನಡುವಿನದು ಬೇಡ.

ಉಪ್ಪುಖಾರ:
ಮನೆಯಲ್ಲಿ ಯಾರು ಅರ್ಧ ಗಂಟೆ ಕಾಯುತ್ತಾರೆ ಸ್ವಾಮಿ? ಕೇಳಿದ್ದು ಸುಲಭದ ಸೈಡ್ ಡಿಶ್. ಕೊನೆಗೆ ಉಪ್ಪು ಹಾಕಿ ಒಂದು ಸಲ ಕೈಯಾಡಿಸಿದರೆ ಸಾಕು.

ಅಡುಗೆಭಟ್ಟ:
ಓವನ್ ಕಾಯಲು ಹೇಗೂ 20 ನಿಮಿಷ ಬೇಕು. ಆ ಹೊತ್ತನ್ನೇ ಬಳಸಿಕೊಳ್ಳಿ ಅನ್ನುತ್ತಿದ್ದೇನೆ. ಬೇರೆ ಹೊತ್ತು ಕೇಳುತ್ತಿಲ್ಲ.

ಕೆಂಡದೊಲೆ:
ಇಬ್ಬರದೂ ನಡೆಯುತ್ತದೆ, ತರಕಾರಿ ನೋಡಿಕೊಂಡು. ದಪ್ಪ ಮೆಣಸಿನಕಾಯಿಗೆ ಮೊದಲೇ ಉಪ್ಪು ಸವರಿ ಕಾಯುವುದು ಸುಮ್ನೆ ಹೊತ್ತು ಹಾಳು. ಅದರ ಸಿಪ್ಪೆ ಮೇಣದ ಹಾಗೆ ನೀರನ್ನು ಹಿಡಿದಿಟ್ಟಿರುತ್ತದೆ. ಆದರೆ ದೊಡ್ಡ, ಬೀಜ ಬಲಿತ ಜುಕಿನಿ ಸಿಕ್ಕಿದ್ದರೆ ಅಡುಗೆಭಟ್ಟರ ದಾರಿಯೇ ಸರಿ. ನಡುವಿನ ತಿರುಳು ಚಮಚದಲ್ಲಿ ತೆಗೆದುಹಾಕಿದರೂ ಆಗುತ್ತದೆ. ನೀರೆಲ್ಲ ಇರುವುದು ಅಲ್ಲೇ.

ಎಣ್ಣೆಬೇಡ:
ಎಲ್ಲರೂ ಎಣ್ಣೆ ಎಣ್ಣೆ ಅನ್ನುತ್ತಿದ್ದೀರಿ. ಎಣ್ಣೆ ಇಲ್ಲದೇ ಆಗುವುದಿಲ್ಲವಾ? ಬರೀ ತರಕಾರಿ ತಿನ್ನೋಣ ಅಂತ ರೋಸ್ಟ್ ಮಾಡುವುದು, ಅದಕ್ಕೂ ಎಣ್ಣೆ ಸುರಿದರೆ ಏನು ಪ್ರಯೋಜನ?

ಸಂಜೆಮಲ್ಲಿಗೆ:
ಆಗುತ್ತದೆ, ಆದರೆ ಒಣಗಿ ಸುಕ್ಕಾಗುತ್ತದೆ. ನನಗೆ ಇಷ್ಟ ಆಗಲಿಲ್ಲ.

ರಸಾಯನ_ಮೇಷ್ಟ್ರು:
ಎಣ್ಣೆಗೆ ಇಲ್ಲಿ ಕೆಲಸ ಇದೆ. ಟ್ರೇಯ ಬಿಸಿಯನ್ನು ತುಂಡಿನ ಉಬ್ಬುತಗ್ಗುಗಳಿಗೆಲ್ಲ ಸಮನಾಗಿ ಮುಟ್ಟಿಸುವುದು ಅದೇ. ಎಣ್ಣೆ ಇಲ್ಲದಿದ್ದರೆ ಟ್ರೇಗೆ ತಾಗಿದ ಒಂದೆರಡು ಜಾಗ ಮಾತ್ರ ಕಪ್ಪಾಗಿ ಉಳಿದದ್ದು ಬಿಳಚಿಕೊಂಡಿರುತ್ತದೆ. ಟೊಮೆಟೊದ ಲೈಕೊಪೀನ್, ಕೆಂಪು ಮೆಣಸಿನಕಾಯಿಯ ಕೆರೊಟಿನಾಯ್ಡ್ ಅನ್ನುವ ಬಣ್ಣದ ವಸ್ತುಗಳು ಮೈಗೆ ಹತ್ತಲೂ ಸ್ವಲ್ಪ ಕೊಬ್ಬು ಬೇಕು.

ಲೆಕ್ಕ ನೋಡಿ. ಒಂದು ದೊಡ್ಡ ಚಮಚ ಎಣ್ಣೆ ಸುಮಾರು 14 ಗ್ರಾಂ, 120 ಕ್ಯಾಲೊರಿ. ಒಂದು ಕಿಲೊ ತರಕಾರಿಗೆ ಮೂರು ಚಮಚ ಧಾರಾಳ ಆಯಿತು. ನಾಲ್ಕು ಜನ ತಿಂದರೆ ಒಬ್ಬರಿಗೆ 90 ಕ್ಯಾಲೊರಿ. ಸುರಿಯುವುದು ಅಂದರೆ ಇದಲ್ಲ ಅಲ್ವಾ?

ಎಣ್ಣೆಬೇಡ:
ಸರಿ, ಮೂರು ಚಮಚ ಅಂದರೆ ಒಪ್ಪುತ್ತೇನೆ. ಆದರೆ ಬದನೆಕಾಯಿ ಅಷ್ಟನ್ನೂ ಒಂದೇ ಕುಡಿದುಬಿಡುತ್ತದೆ. ಉಳಿದದ್ದಕ್ಕೆ ಏನೂ ಉಳಿಯುವುದಿಲ್ಲ. ಅದಕ್ಕೆ ಏನು ಹೇಳುತ್ತೀರಿ?

ಅಡುಗೆಭಟ್ಟ:
ಬದನೆಯನ್ನು ಬೇರೆ ಬಟ್ಟಲಲ್ಲಿ ಕಲೆಸಿ. ಅದರ ತಿರುಳಿನಲ್ಲಿ ಗಾಳಿ ತುಂಬಿದ ಸಣ್ಣ ಸಣ್ಣ ಗೂಡುಗಳಿವೆ. ಎಣ್ಣೆ ನೇರ ಅಲ್ಲಿಗೆ ಇಳಿಯುತ್ತದೆ. ಉಪ್ಪು ಸವರಿ ಬಿಟ್ಟರೆ ಆ ಗೂಡುಗಳು ಕುಸಿಯುತ್ತವೆ, ಆಮೇಲೆ ಕಡಿಮೆ ಕುಡಿಯುತ್ತದೆ. ಹೊತ್ತಿಲ್ಲದಿದ್ದರೆ ಹೆಚ್ಚಿದ ಬದನೆಯನ್ನು ತಟ್ಟೆಯಲ್ಲಿ ಹರಡಿ ಮೈಕ್ರೊವೇವ್‌ನಲ್ಲಿ ನಾಲ್ಕೈದು ನಿಮಿಷ ಇಟ್ಟು ತೆಗೆಯಿರಿ. ಅದೇ ಕೆಲಸ ಆಗುತ್ತದೆ. ಮೂಲೆಮನೆ ಅವರು ಹೇಳಿದ ಆ ಜಗಿಯುವ ತೊಂದರೆಯೂ ಹೋಗುತ್ತದೆ. ಬದನೆ ಅರ್ಧ ಬೆಂದರೆ ಬಲು ಕೆಟ್ಟ ರುಚಿ, ಪೂರ್ತಿ ಬೆಂದು ಒಳಗೆ ಬೆಣ್ಣೆಯಾಗಬೇಕು.

ಹಿತ್ತಲಬಳ್ಳಿ:
ನಡುವೆ ಒಂದು ಪ್ರಶ್ನೆ. ಮನೆ ಹಿತ್ತಲಲ್ಲಿ ಬೆಳೆದ ಜುಕಿನಿ ರೋಸ್ಟ್ ಮಾಡಿದೆ. ಒಂದು ತುಂಡು ಬಾಯಿಗೆ ಹಾಕಿದರೆ ಕಹಿ. ಕಳೆದ ವರ್ಷದ ಕಾಯಿಯಿಂದ ಎತ್ತಿಟ್ಟ ಬೀಜದ ಗಿಡ. ನಿಂಬೆರಸ, ಸ್ವಲ್ಪ ಸಕ್ಕರೆ ಹಾಕಿದರೆ ಕಹಿ ಮುಚ್ಚಿಹೋಗುತ್ತದಾ?

ರಸಾಯನ_ಮೇಷ್ಟ್ರು:
ದಯವಿಟ್ಟು ತಿನ್ನಬೇಡಿ! ಪೂರ್ತಿ ಎಸೆಯಿರಿ. ಆ ಕಹಿ ಕುಕರ್ಬಿಟಾಸಿನ್ ಅನ್ನುವ ವಸ್ತುವಿನದು. ಜುಕಿನಿ, ಸೌತೆ, ಸೋರೆ, ಕುಂಬಳ ಈ ಕುಲದ ಗಿಡಗಳು ತಮ್ಮ ರಕ್ಷಣೆಗೆ ಮಾಡಿಕೊಳ್ಳುವುದು. ಬೇಯಿಸಿದರೆ ಅದು ಹೋಗುವುದಿಲ್ಲ. ವಾಂತಿ, ಭೇದಿ, ಹೊಟ್ಟೆನೋವು ಬರುತ್ತದೆ. ಜಾಸ್ತಿ ತಿಂದರೆ ಜೀವಕ್ಕೇ ಅಪಾಯ. 2015ರಲ್ಲಿ ಜರ್ಮನಿಯಲ್ಲಿ ಮನೆಯಲ್ಲೇ ಬೆಳೆದ ಕಹಿ ಜುಕಿನಿಯ ಅಡುಗೆ ತಿಂದು ಒಬ್ಬ ಹಿರಿಯರು ತೀರಿಕೊಂಡರು.

ಮನೆಯಲ್ಲಿ ಎತ್ತಿಟ್ಟ ಬೀಜದಲ್ಲಿ ಇದು ಬರುವುದಕ್ಕೆ ಕಾರಣ ಇದೆ. ಹತ್ತಿರದಲ್ಲಿ ಅಲಂಕಾರದ ಕುಂಬಳವೋ ಕಾಡು ಜಾತಿಯೋ ಇದ್ದರೆ ಪರಾಗ ಬೆರೆತುಬಿಡುತ್ತದೆ. ಮುಂದಿನ ತಲೆಮಾರಿನ ಕಾಯಿ ಕಹಿಯಾಗುತ್ತದೆ. ಆ ಗಿಡದ ಉಳಿದ ಕಾಯಿಗಳೂ ಬೇಡ.

ಹಿತ್ತಲಬಳ್ಳಿ:
ಅಯ್ಯೋ, ಇದು ಗೊತ್ತೇ ಇರಲಿಲ್ಲ. ಒಂದೇ ತುಂಡು, ಅದೂ ಉಗಿದೆ. ಗಿಡ ಕಿತ್ತು ಹಾಕುತ್ತೇನೆ. ತುಂಬಾ ಧನ್ಯವಾದ ಮೇಷ್ಟ್ರೇ.

ಸಂಜೆಮಲ್ಲಿಗೆ:
ಜುಕಿನಿ ಹೆಚ್ಚುವಾಗ ತುದಿಯ ಚೂರು ನಾಲಿಗೆಗೆ ಇಟ್ಟು ನೋಡುವ ಅಭ್ಯಾಸ ಎಲ್ಲರೂ ಮಾಡಿಕೊಳ್ಳಿ. ಸೌತೆಕಾಯಿಗೆ ಮಾಡುತ್ತೇವಲ್ಲ, ಹಾಗೇ.

ಸಣ್ಣಓವನ್:
ನನ್ನದು ಚಿಕ್ಕ ಓಟಿಜಿ. ಎರಡು ಟ್ರೇ ಹಿಡಿಯುವುದಿಲ್ಲ. ಏರ್ ಫ್ರೈಯರ್ ತಗೊಂಡರೆ ಒಳ್ಳೆಯದಾ?

ಬಿಸಿಬಾಣಲೆ:
ತಗೊಳ್ಳಿ. 200 ಡಿಗ್ರಿ, 12 ರಿಂದ 15 ನಿಮಿಷ. ನಡುವೆ ಒಂದು ಸಲ ಬುಟ್ಟಿ ಅಲ್ಲಾಡಿಸಿ. ಓವನ್‌ನಲ್ಲಿ ಬರುವುದಕ್ಕಿಂತ ಚೆನ್ನಾಗಿ ಬರುತ್ತದೆ.

ಕೆಂಡದೊಲೆ:
ಒಬ್ಬರಿಗೆ ಇಬ್ಬರಿಗೆ ಸರಿ. ಅದು ಕೂಡ ಜೋರು ಫ್ಯಾನ್ ಇರುವ ಚಿಕ್ಕ ಓವನ್ ಅಷ್ಟೇ. ಬುಟ್ಟಿ ತುಂಬಿದರೆ ಮತ್ತೆ ಅದೇ ಕಥೆ, ಹಬೆ. ಆರು ಜನರಿಗೆ ಮಾಡಬೇಕಾದರೆ ನಾಲ್ಕು ಸಲ ಹಾಕಿ ತೆಗೆಯಬೇಕು, ಮೊದಲನೆಯದು ಅಷ್ಟರಲ್ಲಿ ಆರಿರುತ್ತದೆ.

ಸಣ್ಣಓವನ್ ಅವರೇ, ಹೊಸದು ಕೊಳ್ಳುವ ಮೊದಲು ಇರುವುದರಲ್ಲೇ ನೋಡಿ. ಎರಡು ಸರದಿಯಲ್ಲಿ ಮಾಡಿ. ಓಟಿಜಿಯಲ್ಲಿ ಮೇಲಿನ ಕಂಬಿ ಹತ್ತಿರ ಇರುವುದರಿಂದ ಮೇಲ್ಭಾಗ ಬೇಗ ಸುಡುತ್ತದೆ. ಟ್ರೇಯನ್ನು ನಡುವಿಗಿಂತ ಒಂದು ಅಂತಸ್ತು ಕೆಳಗೆ ಇಡಿ. ಫ್ಯಾನ್ ಇದ್ದರೆ 200 ಸಾಕು, ಇಲ್ಲದಿದ್ದರೆ 220. ಬಾಗಿಲನ್ನು ಪದೇ ಪದೇ ತೆಗೆಯಬೇಡಿ, ಚಿಕ್ಕ ಓವನ್‌ನಲ್ಲಿ ಬಿಸಿ ಬೇಗ ಇಳಿಯುತ್ತದೆ. ಹದಿನೈದು ನಿಮಿಷ ಆದ ಮೇಲೆ ಒಂದು ಸಲ ತೆಗೆದು ಹಬೆ ಹೊರಗೆ ಬಿಡಿ, ತುಂಡು ತಿರುಗಿಸಿ, ಅಷ್ಟೇ.

ಸಣ್ಣಓವನ್:
ತಿರುಗಿಸುವಾಗ ತುಂಡು ಟ್ರೇಗೆ ಅಂಟಿ ಹರಿಯುತ್ತದಲ್ಲ?

ಕೆಂಡದೊಲೆ:
ಅಂಟಿದೆ ಅಂದರೆ ಇನ್ನೂ ಆಗಿಲ್ಲ ಅಂತ. ಕೆಳಮುಖ ಚೆನ್ನಾಗಿ ಕೆಂಪಾದ ಮೇಲೆ ತಾನಾಗಿಯೇ ಬಿಡುತ್ತದೆ. ಸೌಟನ್ನು ಅಂಚಿನ ಕೆಳಗೆ ಮೆಲ್ಲಗೆ ತೂರಿಸಿ ನೋಡಿ. ಬರದಿದ್ದರೆ ಒತ್ತಾಯ ಮಾಡಬೇಡಿ, ಇನ್ನೈದು ನಿಮಿಷ ಬಿಡಿ. ಬದನೆಯ ಕೆಳಮುಖದಲ್ಲಿ ಅಗಲವಾದ ಕಂದು ಕಲೆ, ಅದರ ಸುತ್ತ ಹೊಂಬಣ್ಣದ ಅಂಚು, ಮೇಲೆ ಒತ್ತಿದರೆ ಬೆರಳು ಇಳಿಯುವಷ್ಟು ಮೆತ್ತಗೆ. ಇದು ಹದ. ಕಿವಿಯಿಂದಲೂ ಗೊತ್ತಾಗುತ್ತದೆ. ಮೊದಲು ಜೋರಾಗಿ ಗುಳುಗುಳು ಅನ್ನುತ್ತಿದ್ದದ್ದು ಆಮೇಲೆ ಸಣ್ಣಗೆ ಚಟಪಟ ಅನ್ನುತ್ತದೆ. ಅಂದರೆ ನೀರು ಹೋಗಿ ಎಣ್ಣೆ ಮಾತ್ರ ಉಳಿದಿದೆ.

ಮೂಲೆಮನೆ:
ಈ ಸದ್ದಿನ ವಿಷಯ ಯಾವ ರೆಸಿಪಿಯಲ್ಲೂ ಬರೆದಿರಲಿಲ್ಲ! ಸರಿ, ಬಟರ್ ಪೇಪರ್ ಹಾಸಬಹುದಾ? ಟ್ರೇ ತೊಳೆಯುವುದು ಕಷ್ಟ.

ಅಡುಗೆಭಟ್ಟ:
ಹಾಸಬಹುದು, ಕೆಂಪಾಗುವುದು ಸ್ವಲ್ಪ ಕಡಿಮೆ. ಆದರೆ ಪೊಟ್ಟಣ ನೋಡಿ. ಓವನ್‌ಗೆ ಆಗುವ ಬೇಕಿಂಗ್ ಪೇಪರ್ ಬೇರೆ, ಮೇಣ ಸವರಿದ ಕಾಗದ ಬೇರೆ. ಮೇಣದ್ದು ಓವನ್ ಒಳಗೆ ಹೊಗೆಯಾಡುತ್ತದೆ, ಬೆಂಕಿಯೂ ಹತ್ತಬಹುದು. ಬೇಕಿಂಗ್ ಪೇಪರಿಗೂ ಸಾಮಾನ್ಯವಾಗಿ 220 ಡಿಗ್ರಿಯ ಆಸುಪಾಸು ಮಿತಿ ಇರುತ್ತದೆ, ಮೇಲೆ ಬರೆದಿರುತ್ತಾರೆ. ಪೇಪರ್ ಹಾಸುವುದಾದರೆ ಖಾಲಿ ಟ್ರೇ ಕಾಯಿಸುವಾಗ ಹಾಸಬೇಡಿ, ಹಾರಿ ಕಂಬಿಗೆ ತಾಗುತ್ತದೆ.

ಮತ್ತೆ ನಿಮ್ಮ ಗಾಜಿನ ಪಾತ್ರೆಯನ್ನು ಖಾಲಿ ಕಾಯಿಸಿ ತಣ್ಣನೆಯ ತರಕಾರಿ ಸುರಿಯುವ ಕೆಲಸ ಮಾತ್ರ ಬೇಡ. ಸಿಡಿದು ಚೂರಾಗಬಹುದು. ಕಾಯಿಸುವ ಉಪಾಯ ಲೋಹದ ಟ್ರೇಗೆ ಮಾತ್ರ.

ಉಪ್ಪುಖಾರ:
ಎಲ್ಲ ತರಕಾರಿ ಒಟ್ಟಿಗೆ ಹಾಕುವುದೇ ತಪ್ಪು ಅಂತ ನನ್ನ ಅಭಿಪ್ರಾಯ. ಟೊಮೆಟೊ ಜೊತೆ ಜುಕಿನಿ ಹಾಕಿದರೆ ಟೊಮೆಟೊ ರಸದಲ್ಲಿ ಜುಕಿನಿ ಬೇಯುತ್ತದೆ.

ಸಂಜೆಮಲ್ಲಿಗೆ:
ಇದನ್ನು ಪೂರ್ತಿ ಒಪ್ಪುತ್ತೇನೆ. ನಾನು ಮಾಡುವ ಕ್ರಮ ಹೇಳುತ್ತೇನೆ, ಯಾರಿಗಾದರೂ ಉಪಯೋಗ ಆಗಬಹುದು.

ಮೊದಲು ಬದನೆ, ಈರುಳ್ಳಿ, ದಪ್ಪ ಮೆಣಸಿನಕಾಯಿ. ಬದನೆ ಎರಡೂವರೆ ಸೆಂಟಿಮೀಟರಿನ ತುಂಡು. ಈರುಳ್ಳಿಯನ್ನು ಬುಡ ಬಿಡಿಸದೇ ಉದ್ದಕ್ಕೆ ಎಂಟು ಹೋಳು ಮಾಡುತ್ತೇನೆ, ಬುಡ ಇದ್ದರೆ ಎಸಳು ಬಿಚ್ಚಿ ಒಂಟಿಯಾಗಿ ಸುಡುವುದಿಲ್ಲ. ಮೆಣಸಿನಕಾಯಿ ಸ್ವಲ್ಪ ದೊಡ್ಡ ತುಂಡು, ಅದು ಕುಗ್ಗುತ್ತದೆ. ಹತ್ತು ನಿಮಿಷ ಆದ ಮೇಲೆ ಜುಕಿನಿ. ಅದಕ್ಕೆ ಇಪ್ಪತ್ತು ನಿಮಿಷಕ್ಕಿಂತ ಜಾಸ್ತಿ ಬೇಡ. ಕೊನೆಯ ಹತ್ತು ಹನ್ನೆರಡು ನಿಮಿಷಕ್ಕೆ ಚೆರ್ರಿ ಟೊಮೆಟೊ, ಇಡಿಯಾಗಿ, ಟ್ರೇಯ ಒಂದು ಮೂಲೆಯಲ್ಲಿ. ಸಿಪ್ಪೆ ಸೀಳಿ ಸುಕ್ಕಾದ ತಕ್ಷಣ ತೆಗೆಯುತ್ತೇನೆ. ತಟ್ಟೆಯಲ್ಲಿ ಹಾಕಿದ ಮೇಲೆ ಎರಡು ಟೊಮೆಟೊ ಚಮಚದಲ್ಲಿ ಒತ್ತಿ ಒಡೆದರೆ ಅದೇ ಸಾಸ್. ಬೇರೆ ಏನೂ ಬೇಡ.

ಬೆಳ್ಳುಳ್ಳಿಯನ್ನು ಸಣ್ಣಗೆ ಕೊಚ್ಚಿ ಮೊದಲೇ ಹಾಕಬೇಡಿ, 220 ಡಿಗ್ರಿಯಲ್ಲಿ ಕಪ್ಪಾಗಿ ಕಹಿಯಾಗುತ್ತದೆ. ಸಿಪ್ಪೆ ಸಮೇತ ಇಡೀ ಎಸಳು ಹಾಕಿ. ಬೆಂದ ಮೇಲೆ ಹಿಸುಕಿದರೆ ಒಳಗಿನದು ಪೇಸ್ಟಿನ ಹಾಗೆ ಹೊರಗೆ ಬರುತ್ತದೆ.

ಬಿಸಿಬಾಣಲೆ:
ಬೆಂಡೆಕಾಯಿ ಸೇರಿಸಬಹುದಾ?

ಸಂಜೆಮಲ್ಲಿಗೆ:
ಸೇರಿಸಿ, ಆದರೆ ಇಡಿಯಾಗಿ, ಚೆನ್ನಾಗಿ ಒರೆಸಿ. ತೊಟ್ಟು ಮಾತ್ರ ತೆಗೆಯಿರಿ, ಒಳಗಿನ ಗೂಡು ಕಾಣಬಾರದು. ಕತ್ತರಿಸಿದರೆ ಲೋಳೆ ಹೊರಗೆ ಬರುತ್ತದೆ. ಎಳೆಯದಾದರೆ 15 ನಿಮಿಷಕ್ಕೆ ತುದಿ ಗರಿಗರಿಯಾಗುತ್ತದೆ.

ಹಿತ್ತಲಬಳ್ಳಿ:
ಹಸಿರು ದಪ್ಪ ಮೆಣಸಿನಕಾಯಿ ರೋಸ್ಟ್ ಮಾಡಿದರೆ ಸ್ವಲ್ಪ ಕಹಿ ಬರುತ್ತದೆ. ಇದೂ ವಿಷವಾ ಈಗ?

ರಸಾಯನ_ಮೇಷ್ಟ್ರು:
ಇಲ್ಲ ಇಲ್ಲ, ಹೆದರಬೇಡಿ. ಹಸಿರು ಅಂದರೆ ಇನ್ನೂ ಬಲಿಯದ ಕಾಯಿ. ಸಾಮಾನ್ಯವಾಗಿ ಅದೇ ಗಿಡದಲ್ಲಿ ಬಿಟ್ಟರೆ ಹಣ್ಣಾಗಿ ಕೆಂಪೋ ಹಳದಿಯೋ ಆಗುತ್ತದೆ. ಹಣ್ಣಾದಂತೆ ಸಕ್ಕರೆ ಜಾಸ್ತಿ, ಸಿ ವಿಟಮಿನ್ನೂ ಜಾಸ್ತಿ. ರೋಸ್ಟ್‌ಗೆ ಕೆಂಪು, ಹಳದಿ ಚೆನ್ನಾಗಿರುವುದು ಆ ಸಕ್ಕರೆಯಿಂದ. ಗಿಡದಲ್ಲಿ ಇನ್ನಷ್ಟು ದಿನ ಬಿಡಬೇಕು, ಅಷ್ಟು ದಿನ ಕೆಡದೆ ಉಳಿಯಬೇಕು. ಬೆಲೆ ಜಾಸ್ತಿ ಇರುವುದೂ ಅದಕ್ಕೇ.

ಅಡುಗೆಭಟ್ಟ:
ಮೆಣಸಿನಕಾಯಿಯದೇ ಇನ್ನೊಂದು ದಾರಿ ಇದೆ. ಇಡೀ ಕಾಯಿಯನ್ನು ಜೋರು ಬಿಸಿಯಲ್ಲಿ ಸಿಪ್ಪೆ ಪೂರ್ತಿ ಕಪ್ಪಾಗುವ ತನಕ ಸುಟ್ಟು, ಬಟ್ಟಲಲ್ಲಿ ಹಾಕಿ ಮುಚ್ಚಿ ಹತ್ತು ಹದಿನೈದು ನಿಮಿಷ ಬಿಡಿ. ಒಳಗಿನ ಹಬೆಗೆ ಸಿಪ್ಪೆ ಸಡಿಲವಾಗುತ್ತದೆ. ಬೆರಳಲ್ಲೇ ಸುಲಿಯಿರಿ. ನಲ್ಲಿ ನೀರಲ್ಲಿ ತೊಳೆಯುವವರನ್ನು ನೋಡಿದರೆ ನನಗೆ ಸಂಕಟ ಆಗುತ್ತದೆ, ಸುಟ್ಟ ಘಮ, ಒಳಗಿನ ರಸ ಎಲ್ಲ ಸಿಂಕಿಗೆ ಹೋಗುತ್ತದೆ. ಬಟ್ಟಲ ತಳದಲ್ಲಿ ಸೇರಿದ ರಸವನ್ನು ತರಕಾರಿ ಮೇಲೆಯೇ ಹಾಕಿ.

ಎಣ್ಣೆಬೇಡ:
ಕಪ್ಪಾಗುವ ತನಕ ಸುಡುವುದು, 220 ಡಿಗ್ರಿ ಇದೆಲ್ಲ ಕ್ಯಾನ್ಸರ್‌ಗೆ ದಾರಿ ಅಂತ ಓದಿದ್ದೇನೆ. ಯಾರೂ ಅದರ ಬಗ್ಗೆ ಮಾತಾಡುವುದಿಲ್ಲ.

ರಸಾಯನ_ಮೇಷ್ಟ್ರು:
ಮಾತಾಡೋಣ. ನೀವು ಓದಿದ್ದು ಅಕ್ರಿಲಮೈಡ್ ಬಗ್ಗೆ ಇರಬೇಕು. ಅದು ಆಹಾರದಲ್ಲಿ ಇದೆ ಅಂತ 2002ರಲ್ಲಿ ಸ್ವೀಡನ್ನಿನವರು ಹೇಳಿದ ಮೇಲೆ ದೊಡ್ಡ ಸುದ್ದಿಯಾಯಿತು. 120 ಡಿಗ್ರಿ ಮೇಲೆ, ಒಣ ಶಾಖದಲ್ಲಿ, ಆಸ್ಪರಜಿನ್ ಅನ್ನುವ ಅಮೈನೊ ಆಮ್ಲ ಮತ್ತು ಸಕ್ಕರೆ ಸೇರಿ ಆಗುತ್ತದೆ. ಹೆಚ್ಚಿನ ಮಾತು ಇರುವುದು ಆಲೂಗಡ್ಡೆ, ಬ್ರೆಡ್, ಬಿಸ್ಕತ್ತು, ಕಾಫಿಯ ಬಗ್ಗೆ. ಮನುಷ್ಯರಲ್ಲಿ ಕ್ಯಾನ್ಸರ್ ತರುವ ಸಾಧ್ಯತೆ ಇರುವ ವಸ್ತು ಅನ್ನುವ ಪಟ್ಟಿಯಲ್ಲಿ ಅದು ಇದೆ. ಆ ತೀರ್ಮಾನಕ್ಕೆ ಹೆಚ್ಚಾಗಿ ಆಧಾರ ಪ್ರಾಣಿಗಳ ಮೇಲಿನ ಪ್ರಯೋಗ.

ನಿಮ್ಮ ಕಾಳಜಿ ತಪ್ಪಲ್ಲ. ಹೊಂಬಣ್ಣ, ತಿಳಿಗಂದು ಬಂದಾಗ ತೆಗೆಯಿರಿ. ಕರಕಲು ಮಾಡಬೇಡಿ, ಆದರೆ ಅದನ್ನು ಬಿಸಾಡಿ. ಮೆಣಸಿನಕಾಯಿಯ ಕಪ್ಪು ಸಿಪ್ಪೆಯನ್ನು ಹೇಗೂ ಸುಲಿದು ಎಸೆಯುತ್ತೇವೆ. ಹೆದರಿ ತರಕಾರಿ ತಿನ್ನುವುದನ್ನೇ ಬಿಟ್ಟರೆ ನಷ್ಟ ಜಾಸ್ತಿ.

ಉಪ್ಪುಖಾರ:
"ಕರಕಲು ಮಾಡಬೇಡಿ, ಆದರೆ ಅದನ್ನು ಬಿಸಾಡಿ" ಅಂದರೆ ಏನು ಮೇಷ್ಟ್ರೇ, ಅರ್ಥ ಆಗಲಿಲ್ಲ.

ರಸಾಯನ_ಮೇಷ್ಟ್ರು:
"ಆದರೆ" ಅಂದಿದ್ದು, ಕರಕಲು ಆಗಿಬಿಟ್ಟರೆ ಆ ಭಾಗ ಬಿಸಾಡಿ ಅಂತ.

ಮೂಲೆಮನೆ:
ಇವತ್ತು ಮಾಡಿದೆ! ಲೋಹದ ಎರಡು ಟ್ರೇ, 220 ಡಿಗ್ರಿ, ಟೊಮೆಟೊ ಕೊನೆಗೆ. ಬದನೆಕಾಯಿ ನಿಜವಾಗಿಯೂ ಬೆಣ್ಣೆ. ಈರುಳ್ಳಿಯ ತುದಿ ಸಿಹಿಯಾಗಿ ಕಂದಾಗಿತ್ತು, ಮನೆಯವರು ಅದನ್ನೇ ಆರಿಸಿ ತಿಂದರು. ಕೆಳಗಿನ ಟ್ರೇ ಮಾತ್ರ ಮೇಲಿನದರಷ್ಟು ಕೆಂಪಾಗಲಿಲ್ಲ.

ನಿಂಬೆರಸವನ್ನು ಎಣ್ಣೆ ಜೊತೆಗೇ ಕಲೆಸಿದ್ದೆ. ಅದು ಸರಿಯಾ? ಹಣ್ಣಿನ ರುಚಿ ಏನೂ ಉಳಿದಿರಲಿಲ್ಲ.

ಕೆಂಡದೊಲೆ:
ನಡುವೆ ತುಂಡು ತಿರುಗಿಸುವಾಗ ಟ್ರೇಗಳ ಜಾಗ ಅದಲು ಬದಲು ಮಾಡಿ. ಮೇಲಿನದು ಕೆಳಗೆ, ಹಿಂದಿನ ಅಂಚು ಮುಂದಕ್ಕೆ.

ಸಂಜೆಮಲ್ಲಿಗೆ:
ನಿಂಬೆ ಯಾವಾಗಲೂ ಕೊನೆಗೆ, ಓವನ್‌ನಿಂದ ತೆಗೆದ ಮೇಲೆ. ಬಿಸಿ ಇರುವಾಗ ಹಿಂಡಿದರೆ ಚೆನ್ನಾಗಿ ಹೀರುತ್ತದೆ. ಪುದೀನ, ಬೇಸಿಲ್‌ನಂಥ ಮೃದು ಎಲೆಗಳೂ ಆಗಲೇ. ಥೈಮ್, ರೋಸ್‌ಮೇರಿಯಂಥ ಗಟ್ಟಿ ಎಲೆಗಳು ಮೊದಲೇ ಹಾಕಿದರೂ ತಡೆಯುತ್ತವೆ.

ರಸಾಯನ_ಮೇಷ್ಟ್ರು:
ಇದಕ್ಕೆ ಇನ್ನೊಂದು ಕಾರಣವೂ ಇದೆ. ಹುಳಿ ಇದ್ದರೆ ತರಕಾರಿಯ ಕೋಶಗಳನ್ನು ಅಂಟಿನ ಹಾಗೆ ಹಿಡಿದಿಡುವ ಪೆಕ್ಟಿನ್ ಬೇಗ ಬಿಡಿಸಿಕೊಳ್ಳುವುದಿಲ್ಲ, ಮೆತ್ತಗಾಗಲು ಹೊತ್ತು ಹಿಡಿಯುತ್ತದೆ. ಕಂದಾಗುವುದೂ ನಿಧಾನ.

ಬಿಸಿಬಾಣಲೆ:
ಉಳಿದ ಬೆಳ್ಳುಳ್ಳಿಯನ್ನು ಎಣ್ಣೆಯಲ್ಲಿ ಮುಳುಗಿಸಿ ಬಾಟಲಿಯಲ್ಲಿ ಇಡಿ. ಅಡುಗೆಮನೆ ಕಪಾಟಿನಲ್ಲಿ ತಿಂಗಳುಗಟ್ಟಲೆ ಇರುತ್ತದೆ. ಆ ಎಣ್ಣೆಯನ್ನೇ ಮುಂದಿನ ರೋಸ್ಟ್‌ಗೆ ಬಳಸಿ.

ಅಡುಗೆಭಟ್ಟ:
ಬೇಡ! ದಯವಿಟ್ಟು ಯಾರೂ ಹೀಗೆ ಮಾಡಬೇಡಿ. ಎಣ್ಣೆಯ ಒಳಗೆ ಗಾಳಿ ಇರುವುದಿಲ್ಲ, ಬೆಳ್ಳುಳ್ಳಿಯಲ್ಲಿ ಹುಳಿ ಕಡಿಮೆ, ತೇವ ಇದೆ. ಬೊಟುಲಿಸಂ ಅನ್ನುವ, ಜೀವಕ್ಕೇ ಅಪಾಯ ತರುವ ಆಹಾರವಿಷದ ಕಾಯಿಲೆಯ ಬ್ಯಾಕ್ಟೀರಿಯಾಕ್ಕೆ ಇದು ಹೇಳಿ ಮಾಡಿಸಿದ ಜಾಗ. ಬೇಯಿಸಿದರೂ ಅದರ ಬೀಜಕಣ ಸಾಯುವುದಿಲ್ಲ. ವಾಸನೆ, ಬಣ್ಣದಲ್ಲಿ ಏನೂ ಗೊತ್ತಾಗುವುದಿಲ್ಲ. ಫ್ರಿಜ್‌ನಲ್ಲಿ ಇಡಿ, ನಾಲ್ಕು ದಿನದೊಳಗೆ ಮುಗಿಸಿ. ಆಗದಿದ್ದರೆ ಫ್ರೀಜರ್.

ಬಿಸಿಬಾಣಲೆ:
ಹೌದಾ? ಮನೆಯಲ್ಲಿ ಬಾಟಲಿ ಇದೆ. ಈಗಲೇ ಚೆಲ್ಲುತ್ತೇನೆ.

ಮೂಲೆಮನೆ:
ಉಳಿದ ತರಕಾರಿ ಎಷ್ಟು ದಿನ ಇಡಬಹುದು? ಮಾರನೇ ದಿನ ಮೈಕ್ರೊವೇವ್‌ನಲ್ಲಿ ಬಿಸಿ ಮಾಡಿದರೆ ಮತ್ತೆ ಮೆತ್ತಗಾಗುತ್ತದಲ್ಲ?

ಅಡುಗೆಭಟ್ಟ:
ಹೊರಗೆ ಎರಡು ಗಂಟೆಗಿಂತ ಜಾಸ್ತಿ ಬಿಡಬೇಡಿ. 32 ಡಿಗ್ರಿ ದಾಟಿದ ಸೆಕೆ ಇದ್ದರೆ ಒಂದೇ ಗಂಟೆ. ಫ್ರಿಜ್‌ನಲ್ಲಿ ಮೂರು ನಾಲ್ಕು ದಿನ ತೊಂದರೆ ಇಲ್ಲ.

ಮೈಕ್ರೊವೇವ್‌ನಲ್ಲಿ ಗರಿಗರಿ ಮರಳಿ ಬರುವುದಿಲ್ಲ. ಬಾಣಲೆ ಚೆನ್ನಾಗಿ ಕಾಯಿಸಿ, ಎಣ್ಣೆ ಹಾಕದೇ ಒಂದೇ ಪದರ ಹರಡಿ, ಎರಡು ನಿಮಿಷ ಮುಟ್ಟದೇ ಬಿಡಿ. ಟೊಮೆಟೊ ಮಾತ್ರ ಪಕ್ಕಕ್ಕೆ ತೆಗೆದಿಟ್ಟು ಆಮೇಲೆ ಸೇರಿಸಿ.

ಸಂಜೆಮಲ್ಲಿಗೆ:
ನಾನು ಬಿಸಿಯೇ ಮಾಡುವುದಿಲ್ಲ. ಫ್ರಿಜ್‌ನಿಂದ ತೆಗೆದು ಅರ್ಧ ಗಂಟೆ ಹೊರಗಿಟ್ಟು ಹಾಗೇ ತಿನ್ನುತ್ತೇನೆ. ತಣ್ಣಗಿದ್ದಾಗ ಉಪ್ಪು, ಹುಳಿ ಸಪ್ಪೆ ಅನ್ನಿಸುತ್ತದೆ. ಇನ್ನೊಂದು ಚಿಟಿಕೆ ಉಪ್ಪು, ಇನ್ನೊಂದು ಹನಿ ನಿಂಬೆ ಬೇಕಾಗುತ್ತದೆ.

ಉಪ್ಪುಖಾರ:
ನೋಡಿದಿರಾ, ಕೊನೆಗೆ ಉಪ್ಪು!

ಅಡುಗೆಭಟ್ಟ:
ಅದು ಮಾರನೇ ದಿನದ್ದು ಸ್ವಾಮಿ. ಮೊದಲ ದಿನದ್ದಕ್ಕೆ ಮೊದಲೇ ಹಾಕಿ.